ಸಹಾಯ ಬೇಕು: 10 ವರ್ಷದ ಕಾಲಮಿತಿ ವೇತನ ಬಡ್ತಿ ತಡೆದಿದ್ದಾರೆ, ಕೆಎಟಿಗೆ (ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ) ಹೋಗಬೇಕಾ?

ಎಲ್ಲರಿಗೂ ನಮಸ್ಕಾರ. ನಾನು ಗದಗ ಜಿಲ್ಲೆಯ ಒಂದು ಸರ್ಕಾರಿ ಕಚೇರಿಯಲ್ಲಿ ದ್ವಿತೀಯ ದರ್ಜೆ ಸಹಾಯಕ. ಒಂದೇ ಹುದ್ದೆಯಲ್ಲಿ 10 ವರ್ಷ ಮುಗಿದು ಎಂಟು ತಿಂಗಳಾಯಿತು. ನನ್ನ ಜೊತೆ ಅದೇ ದಿನ ಸೇರಿದ ಗೆಳೆಯನಿಗೆ ಕಾಲಮಿತಿ ವೇತನ ಬಡ್ತಿ (ಒಂದೇ ಹುದ್ದೆಯಲ್ಲಿ 10 ವರ್ಷ ಮುಗಿಸಿದವರಿಗೆ ಕೊಡುವ ಮೇಲಿನ ವೇತನ ಶ್ರೇಣಿ) ಸಿಕ್ಕಿ ಅರಿಯರ್ಸ್ ಕೂಡ ಬಂತು. ಅವನು ಕೊಟ್ಟ ಪೇಡೆ ತಿಂದು ಸುಮ್ನೆ ಬಂದೆ.

ನನಗೆ ಸಿಕ್ಕಿದ್ದು ಅರ್ಧ ಹಾಳೆಯ ಹಿಂಬರಹ, ಅಂದರೆ ಕಚೇರಿಯ ಲಿಖಿತ ಉತ್ತರ: 'ವಿಚಾರಣೆ ಬಾಕಿ ಇರುವುದರಿಂದ ಪರಿಗಣಿಸಲು ಬರುವುದಿಲ್ಲ.' ಯಾವ ವಿಚಾರಣೆ? ಎರಡು ವರ್ಷದ ಹಿಂದೆ ಒಂದು ಕಡತ ತಡವಾಯಿತೆಂದು ನೋಟಿಸ್ ಕೊಟ್ಟಿದ್ದರು. ಉತ್ತರ ಕೊಟ್ಟೆ. ಅಲ್ಲಿಗೇ ನಿಂತಿದೆ. ದೋಷಾರೋಪಣ ಪಟ್ಟಿ ಇವತ್ತಿಗೂ ಕೈಗೆ ಬಂದಿಲ್ಲ. ಸೇವಾ ಪುಸ್ತಕದ ಒಂದೊಂದು ಪುಟ ತಿರುವಿ ನೋಡಿದೆ, ಅದರ ಸುದ್ದಿಯೇ ಇಲ್ಲ.

ಹಿಂಬರಹದ ಮೇಲೆ ಎರಡು ಸಲ ಮನವಿ ಕೊಟ್ಟೆ, ಸ್ವೀಕೃತಿ ಇದೆ. ಕೇಳಿದಾಗಲೆಲ್ಲ 'ಮೇಲಿನವರಿಗೆ ಬರೆದಿದ್ದೇವೆ' ಅಂತಾರೆ.

ಗೊಂದಲ ಇಲ್ಲಿದೆ. ದೋಷಾರೋಪಣ ಪಟ್ಟಿ ಕೊಡದೆ, ಬರೀ ವಿಚಾರಣೆಯ ನೆಪದಲ್ಲಿ ಬಡ್ತಿ ತಡೆಯುವಂತಿಲ್ಲ ಎಂದು ಸುಪ್ರೀಂ ಕೋರ್ಟ್ 1991ರಲ್ಲಿ ಜಾನಕಿರಾಮನ್ ಪ್ರಕರಣದಲ್ಲಿ ಹೇಳಿದೆ. ಆದರೆ ಅದು ಹುದ್ದೆಯ ಬಡ್ತಿ ಅಲ್ವಾ? ನನ್ನ ಹುದ್ದೆ ಅದೇ, ಸಂಬಳದ ಶ್ರೇಣಿಯಷ್ಟೇ ಬದಲಾಗಬೇಕು.

ಬಲ್ಲವರು ದಯವಿಟ್ಟು ಹೇಳಿ: ಈ ತೀರ್ಪು ಕಾಲಮಿತಿ ವೇತನ ಬಡ್ತಿಗೂ ನಡೆಯುತ್ತದಾ? ಬೆಳಗಾವಿಯ ಕೆಎಟಿ ಪೀಠಕ್ಕೆ ಹೋಗಲು ಇರುವ ಒಂದು ವರ್ಷದ ಗಡುವು ಹಿಂಬರಹದ ದಿನದಿಂದಲೇ ಶುರುವೋ, ಅಥವಾ ಮನವಿಗೆ ಉತ್ತರ ಬರುವವರೆಗೆ ಕಾಯಬಹುದೋ?