ದಿನಾ ಕಾಣೋ ಸಣ್ಣ ಚೆಲುವನ್ನ ಗಮನಿಸೋ ಅಭ್ಯಾಸ ಹೇಗೆ?

ಪ್ರಶ್ನೆ: ಸುತ್ತಮುತ್ತಲ ಸಾಮಾನ್ಯ ಸಂಗತಿಗಳಲ್ಲೇ ಚೆಲುವು ಕಾಣಬೇಕು ಅಂತ ಆಸೆ. ಎರಡು ದಿನ ನಡೆಯುತ್ತೆ, ಮೂರನೇ ದಿನ ಮರೆತೇ ಹೋಗುತ್ತೆ. ಎಲ್ಲಿಂದ ಶುರು ಮಾಡಲಿ?

ಉತ್ತರ 1: ಎಲ್ಲವನ್ನೂ ನೋಡೋಕೆ ಹೊರಟರೆ ಯಾವುದೂ ಕಾಣಲ್ಲ. ಒಂದೇ ಜಾಗ ಹಿಡಿಯಿರಿ. ಕಿಟಕಿಯ ಬಿಸಿಲು ಬೀಳೋ ಗೋಡೆ ಸಾಕು. ಬಿಸಿಲಿನ ಅಂಚಿಗೆ ಪೆನ್ಸಿಲ್ ಗುರುತು ಹಾಕಿ, 5 ನಿಮಿಷ ಬಿಟ್ಟು ನೋಡಿ. ಗೋಡೆ ಕಿಟಕಿಯಿಂದ 2 ಮೀಟರ್ ದೂರ ಇದ್ದರೆ ಅಂಚು ಸುಮಾರು 4 ಸೆಂ.ಮೀ. ಸರಿದಿರುತ್ತೆ. ಭೂಮಿ ತಿರುಗೋದನ್ನ ಮನೆಯೊಳಗೇ ಕೂತು ನೋಡಿದ ಹಾಗೆ!

ಉತ್ತರ 2: ಮರದ ನೆರಳನ್ನೂ ಸೇರಿಸಿಕೊಳ್ಳಿ. ಎಲೆಗಳ ಸಂದು ಅಂಕುಡೊಂಕಾಗಿದ್ದರೂ ನೆಲದ ಮೇಲಿನ ಬೆಳಕಿನ ಚುಕ್ಕೆಗಳು ದುಂಡಗಿರುತ್ತವೆ, ಯಾಕಂದರೆ ಒಂದೊಂದೂ ಸೂರ್ಯನ ಬಿಂಬ. ಸಂದು ನೆಲದಿಂದ 5 ಮೀಟರ್ ಎತ್ತರದಲ್ಲಿದ್ದರೆ ಬಿಂಬದ ಅಗಲ ಸುಮಾರು 4.5 ಸೆಂ.ಮೀ. ಓರೆ ಬಿಸಿಲಲ್ಲಿ ಚುಕ್ಕೆ ಉದ್ದಕ್ಕೆ ಎಳೆದಂತೆ ಕಾಣುತ್ತೆ. ಬಿಳಿ ಹಾಳೆಯನ್ನ ಬಿಸಿಲಿಗೆ ಎದುರಾಗಿ ಹಿಡಿದರೆ ಮತ್ತೆ ದುಂಡಗಾಗುತ್ತೆ. ತೀರಾ ತಗ್ಗಿನ ಕೊಂಬೆ ಬೇಡ, ಅಲ್ಲಿ ಸಂದಿನ ಆಕಾರವೇ ಮೂಡುತ್ತೆ. ಪಾರ್ಶ್ವ ಸೂರ್ಯಗ್ರಹಣದ ದಿನ ಇವೇ ಚುಕ್ಕೆಗಳು ಕುಡುಗೋಲಿನಂತೆ ಬಾಗುತ್ತವೆ. ಹಾಳೆಯನ್ನೇ ನೋಡಿ, ಸೂರ್ಯನನ್ನಲ್ಲ.

ಉತ್ತರ 3: ಮೊದಲು ಫೋಟೋ ತೆಗೀಬೇಡಿ. ತೆಗೆದ ಕೂಡಲೇ ‘ಆಯ್ತು’ ಅನಿಸಿ ಕಣ್ಣು ಬೇರೆ ಕಡೆ ಹೋಗುತ್ತೆ. ಎರಡು ನಿಮಿಷ ನೋಡಿ, ಆಮೇಲೆ ಒಂದೇ ಸಾಲು ಬರೆಯಿರಿ. ‘ಚೆನ್ನಾಗಿತ್ತು’ ಅಂತ ಬರೆದರೆ ನಾಳೆಗೆ ಏನೂ ಉಳಿಯಲ್ಲ. ‘ತಣ್ಣನೆ ಲೋಟದ ಮೇಲೆ ಎರಡು ಹನಿ ಕೂಡಿದವು, ಭಾರವಾಗಿ ಜಾರಿದವು’ ಅಂತ ಬರೆಯಿರಿ.