ಸಮಸ್ಯೆ: ‘ಇರುಳಿನಲಿ ಸೂರ್ಯನುದಯವ ಕಂಡನವನು’

ಗೆಳೆಯರೇ, ಇದು ಸಮಸ್ಯಾಪೂರಣದ ಆಟ: ಅಸಾಧ್ಯವೆನಿಸುವ ಕೊನೆಯ ಸಾಲು ಕೊಟ್ಟಿರುತ್ತೆ, ಅದು ನಿಜವಾಗುವಂತೆ ಮೊದಲ ಮೂರು ಸಾಲು ನೀವು ಬರೆಯಬೇಕು. ಈ ಸಲದ ಕೊನೆಯ ಸಾಲು ಮೇಲಿದೆ. ಐದೈದು ಮಾತ್ರೆಯ (ಉಚ್ಚಾರದ ಅಳತೆಯ) ಗುಂಪುಗಳ ಚೌಪದಿ, ಅಂದರೆ ನಾಲ್ಕು ಸಾಲಿನ ಪದ್ಯ. ಆದಿಪ್ರಾಸ ‘ರ’, ಅಂದರೆ ಪ್ರತಿ ಸಾಲಿನ ಎರಡನೇ ಅಕ್ಷರದಲ್ಲಿ ‘ರ’ಕಾರ ಬರಬೇಕು. ಕನಸಲ್ಲಿ ಕಂಡ ಅಂತ ಬಿಡಿಸಿದರೆ ಒಪ್ಪುವುದಿಲ್ಲ. ಎಚ್ಚರವಿದ್ದವನೇ ಕಂಡಿರಬೇಕು.

*

ನನ್ನ ಪೂರಣ (ಸಮಸ್ಯೆಗೆ ಉತ್ತರ) ಇದು:

ಅರೆಬೆಳಕ ಚಂದಿರನ ಕತ್ತಲಿನ ಕಡೆಯಲ್ಲಿ
ಗಿರಿಯ ತುದಿ ಮಿನುಗಿತ್ತು ಬಿಸಿಲನ್ನು ಕುಡಿದು
ಕಿರಿಕೊಳವೆ ಕಣ್ಗಿಟ್ಟು ಪಾದುವದ ಗೆಲಿಲಿಯೋ
ಇರುಳಿನಲಿ ಸೂರ್ಯನುದಯವ ಕಂಡನವನು

1609ರ ನವೆಂಬರ್ ಕೊನೆ. ಇಟಲಿಯ ಪಾದುವಾ ಊರು. ಗೆಲಿಲಿಯೋ ತಾನೇ ಮಾಡಿಕೊಂಡ ದೂರದರ್ಶಕ ಸುಮಾರು 20 ಪಟ್ಟು ದೊಡ್ಡದಾಗಿ ತೋರಿಸುತ್ತಿತ್ತು. ಚಂದ್ರನ ಬೆಳಕು-ಕತ್ತಲೆ ಸೇರುವ ಗೆರೆ ಅಂಕುಡೊಂಕಾಗಿತ್ತು. ಗೆರೆಯಿಂದಾಚೆ, ಪೂರ್ತಿ ಕತ್ತಲಲ್ಲಿ, ಅಲ್ಲೊಂದು ಇಲ್ಲೊಂದು ಬೆಳಕಿನ ಚುಕ್ಕಿ. ಎರಡು ಮೂರು ಗಂಟೆಯಲ್ಲಿ ಅವು ದೊಡ್ಡದಾಗಿ ಬೆಳಕಿನ ಭಾಗಕ್ಕೆ ಸೇರಿಕೊಂಡವು. ನಮ್ಮಲ್ಲೂ ಬೆಳಗಾದಾಗ ಬಿಸಿಲು ಮೊದಲು ಬೀಳುವುದು ಬೆಟ್ಟದ ನೆತ್ತಿಗೇ ಅಲ್ವಾ? ಅವನು ನೋಡಿದ್ದು ಚಂದ್ರನ ಮೇಲಿನ ಸೂರ್ಯೋದಯ!

ನನಗೆ ಇನ್ನೂ ಇಷ್ಟವಾಗುವುದು ಮುಂದಿನ ಲೆಕ್ಕ. ಚಂದ್ರನ ಅಡ್ಡಳತೆ 2000 ಮೈಲಿ ಎಂದಿಟ್ಟುಕೊಂಡ. ಕೆಲವು ಚುಕ್ಕಿಗಳು ಗೆರೆಯಿಂದ ಅದರ 20ನೇ ಒಂದು ಭಾಗ, ಅಂದರೆ 100 ಮೈಲಿ ದೂರ ಇದ್ದವು. ಲಂಬಕೋನ ತ್ರಿಭುಜದ ಒಂದು ಬದಿ, ಚಂದ್ರನ ನಡುವಿನಿಂದ ಗೆರೆಯವರೆಗೆ, 1000. ಇನ್ನೊಂದು, ಗೆರೆಯಿಂದ ಬೆಟ್ಟದ ತುದಿಗೆ, 100. ನಡುವಿನಿಂದ ತುದಿಯವರೆಗಿನ ಕರ್ಣ 1004ಕ್ಕಿಂತ ಜಾಸ್ತಿ, ಅದರಲ್ಲಿ 1000 ಚಂದ್ರನದೇ. ಹಾಗಾದರೆ ಬೆಟ್ಟದ ಎತ್ತರ 4 ಮೈಲಿಗೂ ಮೀರಿದ್ದು. ಶಾಲೆಯಲ್ಲಿ ಕಲಿಯುವ ಪೈಥಾಗರಸ್ ಪ್ರಮೇಯ ಸಾಕಾಯಿತು!

*

ನಿಮ್ಮ ಪೂರಣದ ‘ಬಿಸಿಲನ್ನು ಕುಡಿದು’ ಬಹಳ ಹಿಡಿಸಿತು. ಆದರೆ ಗೆಲಿಲಿಯೋಗಿಂತ ಮೊದಲೇ, ಅದೇ ವರ್ಷ ಜುಲೈ 26ರಂದು, ಲಂಡನ್ ಹತ್ತಿರ ಥಾಮಸ್ ಹ್ಯಾರಿಯಟ್ ಎಂಬ ಇಂಗ್ಲಿಷ್ ಗಣಿತಜ್ಞ ದೂರದರ್ಶಕದಲ್ಲಿ ಚಂದ್ರನನ್ನು ನೋಡಿ ಚಿತ್ರ ಬರೆದಿದ್ದ. ಅವನದ್ದು ಬರೀ 6 ಪಟ್ಟಿನದು. ಅವನನ್ನು ಬಿಡಲು ಮನಸ್ಸಾಗಲಿಲ್ಲ:

ಬರೆದಿದ್ದ ಮೊದಲೊಬ್ಬ ಲಂಡನಿನ ಬಳಿ ಕುಳಿತು
ಬರಿ ಗೆರೆಯ, ಕಂಡವಗೆ ಬೆಟ್ಟ ಸಿಗಲಿಲ್ಲ
ಗೆರೆಯ ಡೊಂಕಲಿ ನೆರಳನೋದಿದವ ಗೆಲಿಲಿಯೋ
ಇರುಳಿನಲಿ ಸೂರ್ಯನುದಯವ ಕಂಡನವನು

ಗೆಲಿಲಿಯೋಗೆ ಚಿತ್ರಕಲೆ ಗೊತ್ತಿತ್ತು. ನೆರಳು ಹೇಗೆ ಬಿದ್ದರೆ ಗುಂಡಿ, ಹೇಗೆ ಬಿದ್ದರೆ ಗುಡ್ಡ ಎಂದು ಅವನ ಕಣ್ಣು ಪಳಗಿತ್ತು. 1610ರ ಮಾರ್ಚ್‌ನಲ್ಲಿ ವೆನಿಸ್‌ನಲ್ಲಿ, ತಾನು ಕಂಡದ್ದನ್ನು ಬರೆದ ಅವನ ಪುಸ್ತಕ ಅಚ್ಚಾಯಿತು. ಆಮೇಲೆ ಹ್ಯಾರಿಯಟ್ ಬರೆದ ಚಂದ್ರನಲ್ಲೂ ಕುಳಿಗಳು ಬಂದವು.

*

ಎರಡೂ ಸೊಗಸಾಗಿವೆ, ಛಂದಸ್ಸೂ ಸರಿ ಇದೆ. ‘ಗೆಲಿಲಿಯೋ’ ಮಾತ್ರ ಎರಡರಲ್ಲೂ ಮೂರನೇ ಸಾಲಿನ ಕೊನೆಗೇ ಕೂತಿದೆ. ಅವನ ಹೆಸರೇ ಎತ್ತದೆ ಬಿಡಿಸುವವರು ಇದ್ದೀರಾ?