ನೀಮ್ ಊರಿನ ರೋಮನ್ ದೇವಸ್ಥಾನ: ಬರೀ ತೂತು ನೋಡಿ ಹೆಸರು ಓದಿದ್ದು ಹೇಗೆ?

ತುಂಗಾತೀರ

ಎಲ್ಲರಿಗೂ ನಮಸ್ಕಾರ. ನಾವಿರುವುದು ಫ್ರಾನ್ಸ್‌ನ ಟುಲೂಸ್‌ನಲ್ಲಿ. ಊರಿಂದ ಅಪ್ಪ, ಅಮ್ಮ ಬಂದಿದ್ದಾರೆ ಅಂತ ಹೋದ ಶನಿವಾರ ನೀಮ್‌ಗೆ ಕರೆದುಕೊಂಡು ಹೋಗಿದ್ದೆ. ಅಲ್ಲಿ ಊರ ನಡುವೆಯೇ ಮೆಝೋಂ ಕಾರೆ ಅಂತ ಒಂದು ರೋಮನ್ ದೇವಸ್ಥಾನ ಇದೆ. ಎರಡು ಸಾವಿರ ವರ್ಷ ಹಳೆಯದು ಅಂತಾರೆ. ಕಂಬ, ಗೋಡೆ, ಮೆಟ್ಟಿಲು ಎಲ್ಲವೂ ನೆಟ್ಟಗೆ ನಿಂತಿವೆ. ಕಲ್ಲು ಎಷ್ಟು ಬೆಳ್ಳಗಿದೆ ಅಂದರೆ ಅದು ಅಷ್ಟು ಹಳೆಯದು ಅಂತ ನಂಬುವುದೇ ಕಷ್ಟ.

ಇದನ್ನು ಆಗಸ್ಟಸ್ ಚಕ್ರವರ್ತಿಯ ಇಬ್ಬರು ಮಕ್ಕಳ ಹೆಸರಿಗೆ ಅರ್ಪಿಸಿದ್ದರು ಅಂತ ಓದಿದೆ. ಆದರೆ ಮುಂಭಾಗದಲ್ಲಿ ಒಂದಕ್ಷರವೂ ಇಲ್ಲ. ಕಂಬಗಳ ಮೇಲೆ ಅಡ್ಡ ಹಾಯ್ದ ಕಲ್ಲಿನಲ್ಲಿ ಬರೀ ಸಣ್ಣ ಸಣ್ಣ ತೂತುಗಳು. ಇದರಿಂದ ಹೆಸರು ಹೇಗೆ ಗೊತ್ತಾಯಿತು?

ಅಪ್ಪ ಇನ್ನೊಂದು ಗಮನಿಸಿದರು. ಮುಂದಿನ ಕಂಬಗಳು ಬಿಡಿಯಾಗಿ ನಿಂತಿವೆ. ಪಕ್ಕದಲ್ಲೂ ಹಿಂದೆಯೂ ಇರುವವು ಗೋಡೆಗೆ ಅಂಟಿಕೊಂಡ ಅರ್ಧ ಕಂಬಗಳು. ಆಮೇಲೆ ಯಾರಾದರೂ ನಡುವೆ ಗೋಡೆ ಕಟ್ಟಿ ಮುಚ್ಚಿದರಾ? ಅಮ್ಮನ ಪ್ರಶ್ನೆ ನೇರವಾಗಿತ್ತು. ಒಳಗೆ ದೇವರೂ ಇಲ್ಲ, ಜನ ನಿಲ್ಲಲು ಮಂಟಪವೂ ಇಲ್ಲ, ಪೂಜೆ ಎಲ್ಲಿ ನಡೆಯುತ್ತಿತ್ತು? ತಿಳಿದವರು ದಯವಿಟ್ಟು ಹೇಳಿ.

ಅಲೆಮಾರಿ_ಹಾಸನ

ಅಲ್ಲಿ ಕಂಚಿನ ಅಕ್ಷರಗಳಿದ್ದವು, ಯಾರೋ ಕಿತ್ತುಕೊಂಡು ಹೋಗಿದ್ದಾರೆ. ರೋಮ್‌ನಲ್ಲೂ ಇಂಥವು ಬೇಕಾದಷ್ಟಿವೆ. ಓದಿದ್ದು ಹೇಗೆ ಅನ್ನುವುದನ್ನು ಪಡಿಯಚ್ಚು ಸರ್ ಬಂದು ಹೇಳಲಿ, ಅದು ಅವರ ಇಷ್ಟದ ವಿಷಯ.

ಪಡಿಯಚ್ಚು

ತುಂಗಾತೀರ ಅವರೇ, ನಿಮ್ಮ ಪ್ರಶ್ನೆ ನೋಡಿ ನಿಜವಾಗಿ ಖುಷಿಯಾಯಿತು. ಆ ಕಟ್ಟಡದ ಮುಂದೆ ಫೋಟೋ ತೆಗೆಸಿಕೊಳ್ಳುವವರು ಬಹಳ, ಕತ್ತೆತ್ತಿ ತೂತು ನೋಡುವವರು ಕಡಿಮೆ. ಓದುವ ಕಾಲದಲ್ಲಿ ನಾನು ನಮ್ಮ ಮೇಷ್ಟ್ರ ಜೊತೆ ಧಾರವಾಡದ ಸುತ್ತಲಿನ ಹಳ್ಳಿಗಳಲ್ಲಿ ಶಾಸನಗಳ ಅಚ್ಚು ತೆಗೆಯಲು ಹೋಗುತ್ತಿದ್ದೆ. ಈಗಿರುವುದು ಮೊಂಪೆಲಿಯೆಯಲ್ಲಿ. ನೀಮ್‌ಗೆ ರೈಲಿನಲ್ಲಿ ಅರ್ಧ ಗಂಟೆ ದಾರಿ. ಮನೆಗೆ ಯಾರೇ ಬಂದರೂ ಮೊದಲು ಕರೆದುಕೊಂಡು ಹೋಗುವುದು ಅಲ್ಲಿಗೇ.

ಮುಂಭಾಗದಲ್ಲಿ ಆರು ಕಂಬ. ಅವುಗಳ ತಲೆಯ ಮೇಲೆ ಒಂದು ತೊಲೆ, ಅದರ ಮೇಲೆ ಒಂದು ಪಟ್ಟಿ. ನೀವು ತೆಗೆದ ಫೋಟೋ ಇದ್ದರೆ ಆ ಪಟ್ಟಿಯನ್ನು ದೊಡ್ಡದು ಮಾಡಿ ನೋಡಿ. ಮುಂದೆ ಅದು ಪೂರ್ತಿ ನುಣುಪು. ಮೂಲೆ ತಿರುಗಿ ಪಕ್ಕಕ್ಕೆ ಬಂದ ಕೂಡಲೇ ಅದೇ ಪಟ್ಟಿಯ ಮೇಲೆ ಸುರುಳಿ ಸುರುಳಿಯಾದ ಎಲೆಬಳ್ಳಿ ಶುರುವಾಗುತ್ತದೆ. ಮುಂದಿನ ಜಾಗವನ್ನು ಬರಹಕ್ಕಾಗಿಯೇ ಖಾಲಿ ಬಿಟ್ಟಿದ್ದರು.

ಅಕ್ಷರಗಳನ್ನು ಕಲ್ಲಿನಲ್ಲಿ ಕೆತ್ತಲಿಲ್ಲ, ಲೋಹದಲ್ಲಿ ಮಾಡಿದರು. ಒಂದೊಂದು ಅಕ್ಷರದ ಬೆನ್ನಿಗೂ ಮೊಳೆಯಂಥ ಚಾಚುಗಳಿದ್ದವು. ಕಲ್ಲಿಗೆ ತೂತು ಕೊರೆದು ಆ ಚಾಚುಗಳನ್ನು ಅದರೊಳಗೆ ಕೂರಿಸಿದ್ದರು. ಮುಂದೆ ಯಾವುದೋ ಕಾಲದಲ್ಲಿ ಜನ ಲೋಹಕ್ಕಾಗಿ ಅಕ್ಷರ ಕಿತ್ತರು. ಉಳಿದದ್ದು ತೂತು ಮಾತ್ರ. ಕಟ್ಟಡ ಯಾರದ್ದು ಅನ್ನುವುದೇ ಊರಿಗೆ ಮರೆತುಹೋಯಿತು. ಹೇಡ್ರಿಯನ್ ಚಕ್ರವರ್ತಿ ಪ್ಲೋಟಿನಾ ರಾಣಿಯ ನೆನಪಿಗೆ ಈ ಊರಿನಲ್ಲಿ ಒಂದು ಕಟ್ಟಡ ಕಟ್ಟಿಸಿದ್ದನೆಂದು ಹಳೆಯ ಬರಹದಲ್ಲಿತ್ತು. ಅದು ಇದೇ ಇರಬೇಕು ಅಂದುಕೊಂಡ ವಿದ್ವಾಂಸರೂ ಇದ್ದರು.

ಇಲ್ಲಿ ಬರುತ್ತಾನೆ ಝಾಂ ಫ್ರಾನ್ಸ್ವಾ ಸೆಗಿಯೆ. 1703ರಲ್ಲಿ ನೀಮ್‌ನಲ್ಲೇ ಹುಟ್ಟಿದವನು. ಗಿಡಮರಗಳ ಶಾಸ್ತ್ರ, ನಾಣ್ಯ, ಶಾಸನ ಎಲ್ಲದರಲ್ಲೂ ಆಸಕ್ತಿ. ವೆರೋನಾದ ವಿದ್ವಾಂಸ ಶಿಪಿಯೊನೆ ಮಾಫೇಯಿ ಜೊತೆ ಇಪ್ಪತ್ತಕ್ಕೂ ಜಾಸ್ತಿ ವರ್ಷ ಕೆಲಸ ಮಾಡಿದ. ಮಾಫೇಯಿ ತೀರಿಕೊಂಡ ಮೇಲೆ 1755ರಲ್ಲಿ ಊರಿಗೆ ವಾಪಸಾದ. 1758ರಲ್ಲಿ ದೇವಸ್ಥಾನದ ಮುಂದೆ ಅಟ್ಟಣೆ ಕಟ್ಟಿಸಿ ಹತ್ತಿದ. ತೂತುಗಳನ್ನು ಒಂದೊಂದಾಗಿ ಇದ್ದ ಜಾಗದಲ್ಲೇ ಕಾಗದಕ್ಕೆ ಇಳಿಸಿಕೊಂಡ. ಕೆಳಗೆ ನಿಂತು ಊಹಿಸುವುದಕ್ಕೂ ಕಲ್ಲಿಗೆ ಕಾಗದ ಹಿಡಿಯುವುದಕ್ಕೂ ಎಷ್ಟು ವ್ಯತ್ಯಾಸ ಅಂತ ಅಚ್ಚು ತೆಗೆದವರಿಗೆ ಗೊತ್ತು. ಸವೆದ ಶಾಸನದ ಮುಂದೆ ಕೂತಾಗ ಕಣ್ಣಿಗೆ ಏನೂ ಕಾಣುವುದಿಲ್ಲ. ಒದ್ದೆ ಕಾಗದ ಬಡಿದು ಮಸಿ ಒತ್ತಿದ ಮೇಲೆ ಸಾಲು ಎದ್ದು ಬರುತ್ತದೆ.

ಮುಂದಿನದು ಲೆಕ್ಕಾಚಾರ. 'ಐ' ಅಕ್ಷರ ಒಂದು ನೇರ ಗೆರೆ, ಅದರ ತೂತುಗಳು ಮೇಲೆ ಕೆಳಗೆ ಬರಬೇಕು. 'ಎ'ಗೆ ಎರಡು ಕಾಲು, ಒಂದು ತುದಿ. ಆದರೆ ಒಂದೇ ಅಕ್ಷರವನ್ನು ಎಲ್ಲ ಕಡೆ ಒಂದೇ ರೀತಿ ಜಡಿದಿರಬೇಕು ಅಂತೇನಿಲ್ಲ, ತೂತಿನ ಗುಂಪು ಒಂದನ್ನೇ ನೋಡಿದರೆ ಎರಡು ಮೂರು ಅಕ್ಷರ ಹೊಂದಬಹುದು. ಸೆಗಿಯೆಗೆ ನೆರವಾದದ್ದು ರೋಮನ್ನರ ಬರವಣಿಗೆಯ ಕಟ್ಟು. ಹೆಸರು, ತಂದೆಯ ಹೆಸರು, ಪದವಿ ಇದೇ ಕ್ರಮದಲ್ಲಿ ಬರುತ್ತವೆ, ಸಂಕ್ಷೇಪಗಳೂ ಬಹುಮಟ್ಟಿಗೆ ಗೊತ್ತಿರುವಂಥವೇ. ಸಾವಿರಾರು ಶಾಸನ ನೋಡಿದ್ದವನಿಗೆ ಮುಂದೆ ಯಾವ ಪದ ಬರಬಹುದು ಅನ್ನುವ ಅಂದಾಜು ಇರುತ್ತದೆ. ಅವನು ಓದಿದ್ದು ಹೀಗೆ: ಮೇಲಿನ ಪಟ್ಟಿಯಲ್ಲಿ "ಆಗಸ್ಟಸ್‌ನ ಮಗ, ಕಾನ್ಸಲ್ ಗಾಯಸ್ ಸೀಸರನಿಗೆ, ಆಗಸ್ಟಸ್‌ನ ಮಗ, ಕಾನ್ಸಲ್ ಪದವಿಗೆ ಆಯ್ಕೆಯಾದ ಲೂಸಿಯಸ್ ಸೀಸರನಿಗೆ". ಕೆಳಗಿನ ತೊಲೆಯ ಮೇಲೆ "ಯುವಜನರ ನಾಯಕರಿಗೆ". ಕಾನ್ಸಲ್ ಅಂದರೆ ರೋಮ್‌ನ ಅತಿ ದೊಡ್ಡ ಅಧಿಕಾರಿಯ ಪದವಿ. ನೋಡಿ, 'ಸೀಸರನಿಗೆ, ಆಗಸ್ಟಸ್‌ನ ಮಗ' ಅನ್ನುವ ಭಾಗ ಒಂದೇ ಸಾಲಿನಲ್ಲಿ ಎರಡು ಸಲ ಬರುತ್ತದೆ. ಒಂದು ಕಡೆ ಮಾಡಿದ ಊಹೆಯನ್ನು ಇನ್ನೊಂದು ಕಡೆ ಇಟ್ಟು ಪರೀಕ್ಷಿಸಬಹುದು. ಈ ಓದನ್ನು ಅವನು 1759ರಲ್ಲಿ ಅಚ್ಚು ಹಾಕಿಸಿದ.

ಈ ಇಬ್ಬರೂ ನಿಜವಾಗಿ ಆಗಸ್ಟಸ್‌ನ ಮೊಮ್ಮಕ್ಕಳು, ಮಗಳು ಜೂಲಿಯಾ ಮತ್ತು ಸೇನಾಪತಿ ಅಗ್ರಿಪ್ಪನ ಮಕ್ಕಳು. ಗಂಡು ಸಂತಾನ ಇಲ್ಲದ ಆಗಸ್ಟಸ್ ಕ್ರಿ.ಪೂ. 17ರಲ್ಲಿ ಇಬ್ಬರನ್ನೂ ದತ್ತು ತೆಗೆದುಕೊಂಡ. ಗಾಯಸ್ ಕ್ರಿ.ಶ. 1ರಲ್ಲಿ ಕಾನ್ಸಲ್ ಆದ. ಲೂಸಿಯಸ್‌ಗೆ ಆ ಪದವಿ ನಿಗದಿಯಾಗಿತ್ತು, ಕೈಗೆ ಬರಲಿಲ್ಲ. ಕ್ರಿ.ಶ. 2ರಲ್ಲಿ, ಇಪ್ಪತ್ತು ತುಂಬುವ ಮೊದಲೇ, ಈಗಿನ ಮಾರ್ಸೇಯ್‌ನಲ್ಲಿ ತೀರಿಕೊಂಡ. ನೀಮ್‌ನಿಂದ ಅದು ನೂರು ಚಿಲ್ಲರೆ ಕಿಲೋಮೀಟರ್. ಎರಡು ವರ್ಷಕ್ಕೆ ಅಣ್ಣ ಗಾಯಸ್ ಕೂಡ ಪೂರ್ವದ ದಂಡಯಾತ್ರೆಯಲ್ಲಿ ಗಾಯಗೊಂಡು ಈಗಿನ ಟರ್ಕಿಯಲ್ಲಿರುವ ಲಿಸಿಯಾದಲ್ಲಿ ಸತ್ತ. ಆ ಸಾಲಿನಲ್ಲಿ ಅಣ್ಣನಿಗೆ 'ಕಾನ್ಸಲ್', ತಮ್ಮನಿಗೆ 'ಆಯ್ಕೆಯಾದ ಕಾನ್ಸಲ್' ಅಂತ ಇರುವುದು ಅದಕ್ಕೇ. ಕಟ್ಟಡದ ಕಾಲ ಕ್ರಿ.ಶ. 1ನೇ ಶತಮಾನದ ಆರಂಭ ಅಂತ ಹೇಳುವುದಕ್ಕೆ ದೊಡ್ಡ ಆಧಾರ ಇದೇ. ಎರಡು ಪದವಿಗಳ ನಡುವಿನ ಈ ಸಣ್ಣ ಅಂತರ ಓದುವಾಗ ನನಗೆ ಈಗಲೂ ಸಂಕಟವಾಗುತ್ತದೆ.

ಅಪ್ಪನ ಪ್ರಶ್ನೆಗೆ ನಮ್ಮಲ್ಲಿ ವಾಸ್ತುಶಿಲ್ಪ ಓದಿದವರು ಇದ್ದಾರೆ, ಅವರೇ ಹೇಳಲಿ.

ಗೆರೆ_ಅಳತೆ

ನಾನು ಆರ್ಕಿಟೆಕ್ಟ್, ಮೈಸೂರು. ಅಪ್ಪ ಗಮನಿಸಿದ್ದು ಬಹಳ ಮುಖ್ಯವಾದ ವಿಷಯ. ಆಮೇಲೆ ಗೋಡೆ ಕಟ್ಟಿದ್ದಲ್ಲ, ಮೊದಲಿಂದಲೇ ಹಾಗೆ. ಒಟ್ಟು ಮೂವತ್ತು ಕಂಬ. ಹತ್ತು ಮುಂದಿನ ಜಗಲಿಯಲ್ಲಿ ಬಿಡಿಯಾಗಿವೆ, ಇಪ್ಪತ್ತು ಗೋಡೆಯಲ್ಲಿ ಅರ್ಧ ಹುದುಗಿವೆ.

ಗ್ರೀಕರು ದೇವಸ್ಥಾನದ ಸುತ್ತಲೂ ಕಂಬ ನಿಲ್ಲಿಸಿ, ಕಂಬಕ್ಕೂ ಗೋಡೆಗೂ ನಡುವೆ ಓಡಾಡುವಷ್ಟು ಜಾಗ ಬಿಡುತ್ತಿದ್ದರು. ಯಾವ ಕಡೆಯಿಂದ ಬೇಕಾದರೂ ಹತ್ತಬಹುದಿತ್ತು. ರೋಮನ್ನರಿಗೆ ಇಟಲಿಯ ಹಳೆಯ ಎಟ್ರುಸ್ಕನ್ ಪದ್ಧತಿ ಬಳುವಳಿಯಾಗಿ ಬಂದಿತ್ತು: ಎತ್ತರದ ಜಗತಿ, ಮುಂದೆ ಮಾತ್ರ ಮೆಟ್ಟಿಲು, ಆಳವಾದ ಮುಖಮಂಟಪ, ಹಿಂದೆ ಅಗಲವಾದ ಗರ್ಭಗುಡಿ. ಅವರಿಗೆ ಗ್ರೀಕರ ಕಂಬಸಾಲಿನ ಅಂದವೂ ಬೇಕು, ಗರ್ಭಗುಡಿಯ ಅಗಲವೂ ಬೇಕು. ಅದಕ್ಕೆ ಗೋಡೆಯನ್ನೇ ಕಂಬದವರೆಗೆ ತಂದರು. ರೋಮ್‌ನ ಪೋರ್ಟುನಸ್ ದೇವಸ್ಥಾನದಲ್ಲೂ ಹೀಗೇ ಇದೆ, ಅದು ಇದಕ್ಕಿಂತ ಹಳೆಯದು.

ಇಲ್ಲಿನ ಜಗತಿ ಸುಮಾರು 2.85 ಮೀಟರ್ ಎತ್ತರ, ಕಟ್ಟಡ ಸುಮಾರು 26 ಮೀಟರ್ ಉದ್ದ, ಹದಿಮೂರೂವರೆ ಮೀಟರ್ ಅಗಲ. ಹೆಚ್ಚು ಕಡಿಮೆ ಒಂದಕ್ಕೆರಡು. ಮುಖಮಂಟಪವೇ ಉದ್ದದ ಮೂರನೇ ಒಂದು ಭಾಗ ತಿನ್ನುತ್ತದೆ. ಅದರ ನೆರಳು ನನಗೆ ತುಂಬಾ ಇಷ್ಟ. ಆರು ಕಂಬದ ಹಿಂದೆ ಅಷ್ಟು ಕತ್ತಲೆ ಇಲ್ಲದಿದ್ದರೆ ಕಂಬಗಳು ಹಾಗೆ ಎದ್ದು ಕಾಣುತ್ತಿರಲಿಲ್ಲ.

ಮೆಟ್ಟಿಲು ಹದಿನೈದು. ಮೆಟ್ಟಿಲು ಬೆಸ ಸಂಖ್ಯೆಯಲ್ಲೇ ಇರಬೇಕು ಅಂತ ಆಗಸ್ಟಸ್ ಕಾಲದ ವಾಸ್ತುಶಿಲ್ಪಿ ವಿಟ್ರೂವಿಯಸ್ ಬರೆದಿದ್ದಾನೆ. ಬಲಗಾಲಿಟ್ಟು ಹತ್ತಲು ಶುರು ಮಾಡಿದರೆ ಮೇಲೆ ತಲುಪುವಾಗಲೂ ಬಲಗಾಲೇ ಮೊದಲು ಬೀಳಬೇಕು ಅನ್ನುವುದು ಅವನ ಕಾರಣ. ಇದನ್ನು ಅಮ್ಮನಿಗೆ ಹೇಳಿ, ಅವರಿಗೆ ವಿವರಿಸುವ ಅಗತ್ಯವೇ ಬೀಳಲಿಕ್ಕಿಲ್ಲ.

ಅವರ ಪ್ರಶ್ನೆಗೂ ಉತ್ತರ ಇಲ್ಲೇ ಇದೆ. ಒಳಗಿನ ಕೋಣೆ ಮೂರ್ತಿಗೆ ಮಾತ್ರ, ಜನ ಸೇರುವುದಕ್ಕಲ್ಲ. ಬಲಿ, ಪೂಜೆ ಹೊರಗೆ, ಬಯಲಿನ ಬಲಿಪೀಠದ ಹತ್ತಿರ ನಡೆಯುತ್ತಿದ್ದವು. ಈ ದೇವಸ್ಥಾನ ಫೋರಂ ಅನ್ನುವ ಊರಿನ ಮುಖ್ಯ ಚೌಕಕ್ಕೆ ಮುಖ ಮಾಡಿ ನಿಂತಿತ್ತು. ಸುತ್ತಲೂ ಕಂಬಸಾಲಿನ ಮೊಗಸಾಲೆ ಇತ್ತು. ಜನ ನಿಲ್ಲುತ್ತಿದ್ದದ್ದು ಚೌಕದಲ್ಲಿ.

ರಿಚ್ಮಂಡ್_ಕನ್ನಡತಿ

ನಾನು ವರ್ಜೀನಿಯಾದ ರಿಚ್ಮಂಡ್‌ನಲ್ಲಿದ್ದೇನೆ. ಇಲ್ಲಿನ ವಿಧಾನಸಭೆಯ ಕಟ್ಟಡಕ್ಕೆ ಮಾದರಿ ಈ ದೇವಸ್ಥಾನವೇ! ಥಾಮಸ್ ಜೆಫರ್ಸನ್ ಪ್ಯಾರಿಸ್‌ನಲ್ಲಿ ಅಮೆರಿಕದ ರಾಯಭಾರಿಯಾಗಿದ್ದಾಗ ಕ್ಲೆರಿಸ್ಸೋ ಎಂಬ ವಾಸ್ತುಶಿಲ್ಪಿಯ ಜೊತೆ ಕೂತು ನಕ್ಷೆ ಮಾಡಿಸಿ, ಗಾರೆಯ ಮಾದರಿಯನ್ನೂ ಹಡಗಿನಲ್ಲಿ ಕಳಿಸಿದ. ಆಗ ಅವನು ಮೂಲ ಕಟ್ಟಡವನ್ನು ಕಣ್ಣಾರೆ ನೋಡಿಯೇ ಇರಲಿಲ್ಲ, ನೋಡಿದ್ದು 1787ರಲ್ಲಿ. ಪ್ರಿಯಕರ ಪ್ರೇಯಸಿಯನ್ನು ನೋಡುವ ಹಾಗೆ ಗಂಟೆಗಟ್ಟಲೆ ನೋಡುತ್ತ ಕೂತಿದ್ದೇನೆ ಅಂತ ಅಲ್ಲಿಂದ ಸ್ನೇಹಿತೆಗೆ ಪತ್ರ ಬರೆದ. ಆದರೆ ಇಲ್ಲಿನ ಕಂಬದ ತಲೆ ಬೇರೆ. ನೀಮ್‌ನದ್ದು ಕೊರಿಂಥಿಯನ್, ಎಲೆ ಎಲೆ ಕೆತ್ತನೆ. ಇಲ್ಲಿ ಅದನ್ನು ಕೆತ್ತುವುದು ಕಷ್ಟ ಅಂತ ಸುರುಳಿಯ ಅಯಾನಿಕ್ ಮಾಡಿಸಿದರು.

ತುಂಗಾತೀರ

ಎಲ್ಲರಿಗೂ ತುಂಬಾ ಧನ್ಯವಾದ. ಅಮ್ಮನಿಗೆ ಬಲಗಾಲಿನ ವಿಷಯ ಓದಿ ಹೇಳಿದೆ, "ಅದು ಸರಿ ಮತ್ತೆ" ಅಂದರು. ಪಡಿಯಚ್ಚು ಸರ್, ಇನ್ನೆರಡು ಕೇಳಬೇಕು. ತೂತಿನ ಓದನ್ನು ಎಲ್ಲರೂ ಒಪ್ಪುತ್ತಾರಾ? ಮತ್ತೆ, ಸುತ್ತಲಿನ ಫೋರಂ ಎಲ್ಲ ಹೋಗಿ ಇದೊಂದೇ ಉಳಿದದ್ದು ಹೇಗೆ?

ಪಡಿಯಚ್ಚು

ಎಲ್ಲರೂ ಒಪ್ಪುವುದಿಲ್ಲ. 2001ರಲ್ಲಿ ಜೇಮ್ಸ್ ಆಂಡರ್ಸನ್ ಎಂಬ ಅಮೆರಿಕದ ವಿದ್ವಾಂಸರು ತೂತುಗಳ ಓದನ್ನು ಅಷ್ಟು ನೆಚ್ಚಿಕೊಳ್ಳಬಾರದು, ಕಟ್ಟಡ 2ನೇ ಶತಮಾನದ್ದಿರಬೇಕು ಅಂತ ವಾದಿಸಿದರು. ಆ ವಾದವನ್ನು ತಳ್ಳಿಹಾಕದೆ ಓದಬೇಕು. ಆದರೂ ನಾನು ಹಳೆಯ ಓದಿನ ಕಡೆಗೇ. ಕಾರಣ ಪಕ್ಕದ ಗೋಡೆಯ ಮೇಲಿನ ಆ ಎಲೆಬಳ್ಳಿ. ರೋಮ್‌ನಲ್ಲಿ ಆಗಸ್ಟಸ್‌ಗಾಗಿ ಕಟ್ಟಿದ, ಕ್ರಿ.ಪೂ. 9ರಲ್ಲಿ ಅರ್ಪಿಸಿದ ಶಾಂತಿಪೀಠ 'ಆರಾ ಪಾಚಿಸ್' ಇದೆಯಲ್ಲ, ಅದರ ಬಳ್ಳಿಗೂ ಇದಕ್ಕೂ ಹತ್ತಿರದ ನಂಟು. ದಂಟು ಸುತ್ತಿಕೊಳ್ಳುವ ರೀತಿ, ಸುರುಳಿಯ ನಡುವೆ ಹೂ ಕೂರುವ ರೀತಿ ನೋಡಿ. ರೋಬೇರ್ ಆಮಿ, ಪಿಯೇರ್ ಗ್ರೋ 1979ರಲ್ಲಿ ಪ್ರಕಟಿಸಿದ ದೊಡ್ಡ ಅಧ್ಯಯನದಲ್ಲೂ ಆಗಸ್ಟಸ್ ಕಾಲವನ್ನೇ ಹಿಡಿದಿದ್ದಾರೆ.

ಉಳಿದದ್ದು ಹೇಗೆ ಅಂದರೆ, ಪ್ರತಿ ಕಾಲದಲ್ಲೂ ಯಾರಿಗೋ ಅದು ಕೆಲಸಕ್ಕೆ ಬಂತು. ಮಧ್ಯಯುಗದಲ್ಲಿ ಊರಿನ ಆಡಳಿತಗಾರರ ಮನೆ. ಆಮೇಲೆ ಖಾಸಗಿಯವರ ಸ್ವತ್ತು, ಒಂದಷ್ಟು ಕಾಲ ಕುದುರೆ ಲಾಯ. 1670ರ ಹೊತ್ತಿಗೆ ಆಗಸ್ಟೀನಿಯನ್ ಪಾದ್ರಿಗಳು ಕೊಂಡು ಚರ್ಚ್ ಮಾಡಿಕೊಂಡರು. ಫ್ರೆಂಚ್ ಕ್ರಾಂತಿಯ ನಂತರ ಜಿಲ್ಲೆಯ ದಾಖಲೆಗಳ ಕೊಠಡಿ, 1823ರಲ್ಲಿ ವಸ್ತುಸಂಗ್ರಹಾಲಯವಾಯಿತು. ಯಾರಿಗೂ ಬೇಡವಾಗಿದ್ದರೆ ಫೋರಂನ ಕಲ್ಲುಗಳ ಹಾಗೆ ಇದರ ಕಲ್ಲೂ ಬೇರೆ ಮನೆಗಳ ಗೋಡೆ ಸೇರುತ್ತಿತ್ತು. ಒಳಗಿನದು ಮಾತ್ರ ಏನೂ ಉಳಿಯಲಿಲ್ಲ. ಬೆಳ್ಳಗೆ ಕಂಡದ್ದು 2006ರಿಂದ 2010ರವರೆಗೆ ನಡೆದ ದುರಸ್ತಿಯಿಂದ. ಹೊಗೆ, ಮಸಿ ಹಿಡಿದಿದ್ದ ಸುಣ್ಣಕಲ್ಲನ್ನು ಆಗ ತೊಳೆದರು. 2023ರಲ್ಲಿ ಯುನೆಸ್ಕೋ ಪಟ್ಟಿಗೂ ಸೇರಿತು.

ಮತ್ತೆ ಹೋದರೆ ಎರಡು ಕೆಲಸ ಮಾಡಿ. ಊರಿನ ರಸ್ತೆಗಳಲ್ಲಿ ತಾಳೆಮರಕ್ಕೆ ಕಟ್ಟಿದ ಮೊಸಳೆಯ ಗುರುತು ಹುಡುಕಿ. ಅದು ಬಂದದ್ದು ಇದೇ ಊರಿನ ರೋಮನ್ ನಾಣ್ಯದಿಂದ. ನಾಣ್ಯದ ಒಂದು ಬದಿಯಲ್ಲಿ ಈಜಿಪ್ಟ್ ಗೆದ್ದ ನೆನಪಿನ ಆ ಮೊಸಳೆ, ಇನ್ನೊಂದು ಬದಿಯಲ್ಲಿ ಆಗಸ್ಟಸ್ ಮತ್ತು ಅಗ್ರಿಪ್ಪ ಬೆನ್ನಿಗೆ ಬೆನ್ನು ಕೊಟ್ಟ ತಲೆಗಳು, ಅಂದರೆ ಈ ಇಬ್ಬರು ಹುಡುಗರ ಸಾಕುತಂದೆ ಮತ್ತು ಹೆತ್ತ ತಂದೆ. ಇನ್ನೊಂದು, ದೇವಸ್ಥಾನದ ಎದುರು ನಾರ್ಮನ್ ಫಾಸ್ಟರ್ ಕಟ್ಟಿದ ಗಾಜಿನ ಕಟ್ಟಡ ಕಾರೇ ದಾರ್ ಇದೆ. ಅದರಲ್ಲೇ ಊರಿನ ಗ್ರಂಥಾಲಯ, ಸೆಗಿಯೆಯ ಕೈಬರಹದ ಕಾಗದಪತ್ರಗಳನ್ನು ಇಟ್ಟಿರುವುದೂ ಅಲ್ಲೇ. ಹಳೆಯ ಹಸ್ತಪ್ರತಿ ವಿಭಾಗಕ್ಕೆ ಮುಂಚೆಯೇ ಬರೆದು ಕೇಳಿಕೊಂಡು ಹೋಗಿ.